ಸ್ನಾನದ ತೊಟ್ಟಿಯಲ್ಲಿ ಲುದ್ಮಿಲಾ

"ಕ್ರಿಸ್ಮಸ್ ಊಟ ಮುಗಿಸಿ ನಾವೆಲ್ಲ ಮೇಜಿನಿಂದ ಏಳೋದ್ರೊಳಗೆ ನಿಮ್ಮಪ್ಪ ನನ್ನ ಯಂತ್ರದ ಮುಂದೆ ಟೋಪಿ ತೆಗೀತಾರೆ. ತೆಗೀಲಿಲ್ಲಾಂದ್ರೆ ನೆಲಮಾಳಿಗೆ ನಿಂದು!"

ಪ್ರೊಕೋಪ ತನ್ನ ಹೆಂಡತಿ ಲಿಬುಶೆಯ ಎದುರು ಈ ಭೀಷ್ಮ ಪ್ರತಿಜ್ಞೆ ಮಾಡಿದಾಗ ಅವನ ಬಾಯಲ್ಲೊಂದು ಬಿಸ್ಕತ್ತಿತ್ತು. ಹಬ್ಬಕ್ಕೆಂದು ಡಬ್ಬಿಯಲ್ಲಿ ಎತ್ತಿಟ್ಟಿದ್ದ ಬಿಸ್ಕತ್ತು, ಕದ್ದದ್ದು. ಕದ್ದ ತಿಂಡಿ ಬಾಯಲ್ಲಿದ್ದಾಗ ಗಂಡಸಿಗೆ ಎಲ್ಲಿಲ್ಲದ ಧೈರ್ಯ ಬರುತ್ತದೆ.

ಲಿಬುಶೆ ಹಿಟ್ಟು ನಾದುವುದನ್ನು ನಿಲ್ಲಿಸಲಿಲ್ಲ. ನೆಲಮಾಳಿಗೆಯಿಂದ ಆ ಲೋಹ ಕಡೆಯುವ ಲೇತ್ ಯಂತ್ರವನ್ನೂ ತೆಗೆಯುತ್ತೀಯೋ ಎಂದು ಮಾತ್ರ ಕೇಳಿದಳು. ತೆಗೆಯುತ್ತೇನೆ ಎಂದ. ಆ ಹಿತ್ತಾಳೆ ಚೂರುಗಳ ಡಬ್ಬಿಗಳನ್ನು? ಅವನ್ನೂ ತೆಗೆಯುತ್ತೇನೆ ಎಂದ. ಹಾಗಿದ್ದರೆ ಕೈ ಕೊಡು ಎಂದು, ಹಿಟ್ಟು ಮೆತ್ತಿದ ಕೈಯನ್ನೇ ಚಾಚಿ ಗಟ್ಟಿಯಾಗಿ ಕುಲುಕಿದಳು.

ಲಾಬೆ ನದಿಯ ದಂಡೆಯ ದೆಚೀನ್ ಊರಿನಲ್ಲಿ ಅವರ ಮನೆ. ಹಳೆಯ ಐದಂತಸ್ತಿನ ಕಟ್ಟಡ. ಅಲ್ಲಿ ಪ್ರತಿ ಸಂಸಾರಕ್ಕೂ ನೆಲಮಾಳಿಗೆಯಲ್ಲೊಂದು ಮರದ ಪಟ್ಟಿಯ ಗೂಡು. ಉಳಿದವರು ಅದರಲ್ಲಿ ಆಲೂಗಡ್ಡೆ, ಉಪ್ಪಿನಕಾಯಿ ಜಾಡಿ, ಮುರಿದ ಸೈಕಲ್ಲು ಇಟ್ಟು ಸುಖವಾಗಿದ್ದರು. ಪ್ರೊಕೋಪ ಮಾತ್ರ ತನ್ನ ಗೂಡಿನಲ್ಲಿ ಲೇತ್ ಹೂಡಿ, ಅರ, ಇಕ್ಕಳ, ಬೆಸುಗೆ ಕಡ್ಡಿಗಳನ್ನು ಗೋಡೆಗೆ ತೂಗುಹಾಕಿ ಕಾರ್ಖಾನೆ ಮಾಡಿಕೊಂಡಿದ್ದ. ಹೀಗಾಗಿ ಲಿಬುಶೆಯ ಸೌತೆಕಾಯಿ ಜಾಡಿಗಳೂ ಪ್ಲಮ್ ಹಣ್ಣಿನ ಜಾಮೂ ಮಂಚದ ಕೆಳಗೆ, ಬಟ್ಟೆ ಬೀರುವಿನೊಳಗೆ, ಸೋಫಾದ ಹಿಂದೆ ನಿರಾಶ್ರಿತರಾಗಿ ಬದುಕುತ್ತಿದ್ದವು. ಮಲಗಿದವರು ಮಗ್ಗುಲು ಬದಲಿಸಿದರೆ ಸೌತೆಕಾಯಿಗಳು ಠಣ್ ಎನ್ನುತ್ತಿದ್ದವು. ಮದುವೆಯಾದಂದಿನಿಂದ ನಡೆದಿದ್ದ ಈ ಗಡಿ ತಕರಾರು ಈಗ ಒಂದು ಟೋಪಿಯ ಮೇಲೆ ನಿಂತಿತ್ತು.

ಆ ಟೋಪಿ ಮಾವ ಹಿನೆಕ್ ಅವರದು. ಲಾಬೆ ನದಿಯಲ್ಲಿ ಹೂಳೆತ್ತುವ ಹಡಗೊಂದರ ಯಂತ್ರ ನಡೆಸಿ ನಿವೃತ್ತರಾದವರು. ದಪ್ಪ ಉಣ್ಣೆಯ ನೀಲಿ ಟೋಪಿ, ತಲೆಗೇ ಬೆಸುಗೆ ಹಾಕಿದ ಹಾಗೆ ಕೂತಿರುತ್ತಿತ್ತು. ಮಗಳ ಮದುವೆಯ ದಿನ ನಗರಸಭೆಯ ಅಧ್ಯಕ್ಷರೇ ಕೆಮ್ಮಿ ಸೂಚನೆ ಕೊಟ್ಟರೂ ತೆಗೆಯಲಿಲ್ಲ. ಚರ್ಚಿನೊಳಗೆ ಹೋದರೆ ತೆಗೆಯಬೇಕಾಗುತ್ತದೆಂದು ಬಾಗಿಲ ಹೊರಗೇ ನಿಂತು ಪ್ರಾರ್ಥನೆ ಮುಗಿಸುತ್ತಿದ್ದರು. ಮರ್ಯಾದೆಗೆಂದು ಅವರು ಟೋಪಿ ತೆಗೆದದ್ದು ಜೀವಮಾನದಲ್ಲಿ ಒಂದೇ ಸಲ, ತಾವು ದುಡಿದ ಹಡಗು ಲುದ್ಮಿಲಾಳನ್ನು ಗುಜರಿಗೆ ಎಳೆದೊಯ್ದ ದಿನ. ಈ ಮನುಷ್ಯನಿಗೆ ಇಬ್ಬರು ಹೆಂಡಿರು, ನಾನು ಎರಡನೆಯವಳು ಎಂದು ಅತ್ತೆ ಬದುಕಿರುವ ತನಕ ಹೇಳುತ್ತಿದ್ದರು.

ಮಾವನ ಇನ್ನೊಂದು ವಿಶೇಷವನ್ನೂ ಇಲ್ಲೇ ಹೇಳಿಬಿಡುತ್ತೇನೆ. ಅವರಿಗೆ ಸುಳ್ಳು ಹೇಳಲು ಬರುವುದಿಲ್ಲ. ಅಂದರೆ ಹೇಳುತ್ತಾರೆ, ಆದರೆ ಹೇಳಿದ ಕೂಡಲೇ ಎರಡೂ ಕಿವಿ ಕೆಂಪಾಗುತ್ತವೆ. ಲಿಬುಶೆ ಚಿಕ್ಕಂದಿನಿಂದ ಅಪ್ಪನ ಮಾತು ಕೇಳಿದ್ದಕ್ಕಿಂತ ಕಿವಿ ನೋಡಿದ್ದೇ ಹೆಚ್ಚು.

ಇಂಥ ಮಾವನ ಕಣ್ಣಿಗೆ ಪ್ರೊಕೋಪ ಯಾವ ಲೆಕ್ಕ? ರೈಲು ನಿಲ್ದಾಣದ ಕಿಟಕಿಯ ಹಿಂದೆ ಕೂತು ಟಿಕೆಟ್ ಕೊಡುವ ಗುಮಾಸ್ತ. ಕಾಗದ ಹರಿಯುವ ಕೈ ಎಂದು ಮಾವ ಮದುವೆಗೆ ಮೊದಲೇ ತೀರ್ಪು ಕೊಟ್ಟಿದ್ದರು, ಮೇಲ್ಮನವಿಗೆ ಅವಕಾಶವಿರಲಿಲ್ಲ. ಅದಕ್ಕೇ ಪ್ರೊಕೋಪ ವರ್ಷಗಟ್ಟಲೆ ಗುಟ್ಟಾಗಿ ಲುದ್ಮಿಲಾಳನ್ನು ಮತ್ತೆ ಹುಟ್ಟಿಸಿದ್ದ. ಹಳೆಯ ನಕ್ಷೆ ಹುಡುಕಿ, ಎಲ್ಲ ಅಳತೆಯನ್ನೂ ಕುಗ್ಗಿಸಿ, ಒಂದು ತೋಳಿನುದ್ದದ ಹಡಗು ಮಾಡಿದ್ದ. ಷೋಕೇಸಿನಲ್ಲಿಡುವ ಬೊಂಬೆಯಲ್ಲ ಅದು. ಸ್ಪಿರಿಟ್ ದೀಪ ಹಚ್ಚಿದರೆ ಪುಟ್ಟ ಬಾಯ್ಲರ್ ಕುದಿಯುತ್ತದೆ, ಹಬೆ ಏಳುತ್ತದೆ, ಚಕ್ರ ತಿರುಗುತ್ತದೆ, ಹೆಬ್ಬೆರಳ ಉಗುರಿನಷ್ಟಿರುವ ಹಿತ್ತಾಳೆಯ ಬಕೆಟ್ಟುಗಳ ಸರಪಳಿ ನೀರಿಗಿಳಿದು, ತಳದ ಹೂಳನ್ನು ಬಾಚಿ, ಮೇಲೆ ತಂದು, ಪಕ್ಕದ ದೋಣಿಗೆ ಸುರಿಯುತ್ತದೆ. ಸಿಳ್ಳೆಯೂ ಇತ್ತು. ಆ ಸಿಳ್ಳೆಯ ದನಿ ಹೊಂದಿಸುವುದಕ್ಕೇ ಒಂದು ಚಳಿಗಾಲ ಹೋಗಿತ್ತು.

ಒಂದೇ ಕೊರತೆ. ಲುದ್ಮಿಲಾ ಇನ್ನೂ ನೀರಿಗೆ ಇಳಿದಿರಲಿಲ್ಲ. ಹೊರಗೆ ಕೊಳವೆಲ್ಲ ಹೆಪ್ಪುಗಟ್ಟಿತ್ತು. ಉಳಿದದ್ದು ಮನೆಯ ಸ್ನಾನದ ತೊಟ್ಟಿ. ಅದನ್ನು ಕೇಳೋಣವೆಂದು ಪ್ರೊಕೋಪ ಮೇಲೆ ಬಂದರೆ, ತೊಟ್ಟಿಯಲ್ಲಿ ಆಗಲೇ ಒಬ್ಬರು ವಾಸವಾಗಿದ್ದರು.

ಗೆಂಡೆ ಮೀನು. ಕ್ರಿಸ್ಮಸ್ ಹಿಂದಿನ ಸಂಜೆಯ ಊಟಕ್ಕೆ ಗೆಂಡೆಯೇ ಆಗಬೇಕು, ಅದು ಕೆಲವು ದಿನ ಮನೆಯ ತೊಟ್ಟಿಯಲ್ಲಿ ತಿಳಿನೀರು ಕುಡಿದು ಕೆಸರಿನ ವಾಸನೆ ಕಳೆದುಕೊಳ್ಳಬೇಕು, ಅಷ್ಟು ದಿನವೂ ಮನೆಯವರು ಮುಖ ಮಾತ್ರ ತೊಳೆದುಕೊಳ್ಳಬೇಕು. ಬೇರೆಯವರೆಲ್ಲ ಬೀದಿಯ ಪೀಪಾಯಿಯಿಂದ ಕೊಂಡು ತರುತ್ತಾರೆ. ಮಾವ ಹಿನೆಕ್ ಸ್ವತಃ ನದಿಯಲ್ಲಿ ಗಾಳ ಹಾಕಿ ಹಿಡಿದು ತಂದಿದ್ದರು. ಹಿಡಿದ ಕಥೆಯನ್ನು ಕೈಯಗಲಿಸಿ ವರ್ಣಿಸಿದರು. ಎರೆಹುಳ ಹಾಕಿದೆ, ಮೂಸಲಿಲ್ಲ. ಜೋಳ ಹಾಕಿದೆ, ತಿರುಗಿ ನೋಡಲಿಲ್ಲ. ಲಿಬುಶೆ ಬುತ್ತಿಗೆ ಕಟ್ಟಿಕೊಟ್ಟಿದ್ದ ಹಿಟ್ಟಿನ ಕಡುಬು ಒಂದು ಚೂರು ಸಿಕ್ಕಿಸಿದೆ ನೋಡು, ದಡಕ್ಕೇ ಹಾರಿಬರುವ ಹಾಗೆ ಬಂತು ಎಂದರು. ಪ್ರೊಕೋಪ ಹೂಂ ಹೂಂ ಎನ್ನುತ್ತಿದ್ದ. ಅವನ ತಲೆಯೊಳಗೆ ಬಕೆಟ್ ಸರಪಳಿ ತಿರುಗುತ್ತಿತ್ತು, ಕಿವಿಗೆ ಒಂದಕ್ಷರವೂ ಇಳಿಯಲಿಲ್ಲ. ಇದನ್ನು ನೀವು ನೆನಪಿಟ್ಟುಕೊಳ್ಳಿ. ಅವನಂತೂ ಇಟ್ಟುಕೊಳ್ಳಲಿಲ್ಲ.

ಕ್ರಿಸ್ಮಸ್ ಹಿಂದಿನ ದಿನ ಬೆಳಿಗ್ಗೆ. ಮನೆಯಲ್ಲಿ ಉಪವಾಸ. ದಿನವಿಡೀ ಏನೂ ತಿನ್ನದಿದ್ದರೆ ಸಂಜೆ ಗೋಡೆಯ ಮೇಲೆ ಚಿನ್ನದ ಹಂದಿಮರಿ ಕಾಣುತ್ತದಂತೆ. ಪ್ರೊಕೋಪನಿಗೆ ಹಸಿವಿನಿಂದ ಕಬ್ಬಿಣದ ಹಂದಿಮರಿಯೂ ಕಂಡಿರಲಿಲ್ಲ. ಲಿಬುಶೆ ಆಲೂಗಡ್ಡೆ ಸಲಾಡ್ ಕಲಸಲು ಕೆಳಮನೆಯ ಕ್ವಾಪಿಲೊವಾ ಅಜ್ಜಿಯ ಹತ್ತಿರ ಹೊರಟಳು. ಹೊರಡುವಾಗ ಗಂಡನಿಗೆ ಒಂದೇ ಕೆಲಸ ವಹಿಸಿದಳು: ಮೀನು ಕೊಯ್ದಿಡು.

ಪ್ರೊಕೋಪ ಚಾಕು ಹಿಡಿದು ತೊಟ್ಟಿಯ ಬಳಿ ನಿಂತ. ಗೆಂಡೆ ತಲೆಯೆತ್ತಿ ಅವನನ್ನು ನೋಡಿತು. ಅವನೂ ನೋಡಿದ. ಮೀನಿನ ಕಣ್ಣಿನಲ್ಲಿ ಹೆದರಿಕೆಯಿರಲಿಲ್ಲ. ಇವನು ಯಾರು, ಏನು ಮಾಡುತ್ತಾನೆ ಎಂಬ ಕುತೂಹಲ ಮಾತ್ರ ಇತ್ತು. ಪ್ರೊಕೋಪನಿಗೆ ಹುಟ್ಟಿನಿಂದ ಅಂಟಿದ ಕಾಯಿಲೆಯೂ ಅದೇ. ಏನಾಗುತ್ತೋ ನೋಡೇಬಿಡೋಣ ಎಂಬ ಯೋಚನೆ ಬಂದರೆ ಮುಗಿಯಿತು, ಅವನ ಕೈ ಅವನ ಮಾತು ಕೇಳುವುದಿಲ್ಲ. ಇಷ್ಟು ದೊಡ್ಡ ನೀರು, ಅದರಲ್ಲಿ ನಿಜವಾದ ಮೀನು, ಥೇಟ್ ಲಾಬೆ ನದಿ. ಒಂದೇ ಒಂದು ಸಲ ಓಡಿಸಿದರೆ ಏನಾಗುತ್ತೆ? ಚಾಕು ಬದಿಗಿಟ್ಟು ನೆಲಮಾಳಿಗೆಗೆ ಓಡಿದ.

ಬರುವಾಗ ಒಂದು ತೋಳಿನಲ್ಲಿ ಲುದ್ಮಿಲಾ, ಇನ್ನೊಂದು ಕೈಯಲ್ಲಿ ಒಂದು ಬಕೆಟ್ಟು ಮರಳು. ಮೆಟ್ಟಿಲ ಮೇಲೆ ಮಂಜು ಕಟ್ಟಿದಾಗ ಚೆಲ್ಲಲು ಕಟ್ಟಡದವರು ಬಾಗಿಲಲ್ಲಿ ಇಟ್ಟಿದ್ದ ಮರಳು ಅದು. ಎತ್ತಲು ಹೂಳು ಬೇಡವೇ? ತೊಟ್ಟಿಗೆ ಸುರಿದ. ಗೆಂಡೆ ಒಂದು ಮೂಲೆಗೆ ಸರಿದು ಜಾಗ ಮಾಡಿಕೊಟ್ಟಿತು. ಲುದ್ಮಿಲಾಳನ್ನು ತೇಲಿಬಿಟ್ಟು ದೀಪ ಹಚ್ಚಿದ. ಬಾಯ್ಲರ್ ಗುನುಗತೊಡಗಿತು, ಹಬೆ ಚಿಮ್ಮಿತು, ಬಕೆಟ್ಟುಗಳು ಒಂದರ ಹಿಂದೊಂದು ಮುಳುಗಿ ಮರಳು ಹೊತ್ತು ಎದ್ದವು, ದೋಣಿಗೆ ಸುರಿದವು. ಪ್ರೊಕೋಪನ ಕಣ್ಣಲ್ಲಿ ನೀರು ಬಂತು. ಸ್ಪಿರಿಟ್ ಹೊಗೆಗೆ ಅಲ್ಲ, ನಿಜವಾಗಿಯೂ ಖುಷಿಗೆ. ಎಷ್ಟು ವರ್ಷದ ತಪಸ್ಸು! ಗೆಂಡೆಯೂ ಹತ್ತಿರ ಬಂದು ಮೀಸೆಯಾಡಿಸುತ್ತ ನೋಡುತ್ತಿತ್ತು.

ಹಡಗು ನಕ್ಷೆಯಲ್ಲಿದ್ದ ಹಾಗೆಯೇ ತೊಟ್ಟಿಯ ಮುಂದಿನ ಅಂಚಿಗೆ ಕಟ್ಟಿದ್ದ ತನ್ನ ಹಗ್ಗವನ್ನು ತಾನೇ ಸುತ್ತಿಕೊಳ್ಳುತ್ತ ನಿಧಾನವಾಗಿ ಮುಂದೆ ಸಾಗಿತು. ಮುಂದೆ ಏನಿದೆಯೆಂದು ನಕ್ಷೆಯಲ್ಲಿ ಇರಲಿಲ್ಲ. ಮುಂದೆ ಇದ್ದದ್ದು ತೊಟ್ಟಿಯ ಬಿರಡೆ. ಬಿರಡೆಯ ಮಣಿಸರಕ್ಕೆ ಮೊದಲ ಬಕೆಟ್ಟು ಸಿಕ್ಕಿಕೊಂಡಿತು, ಎರಡನೆಯದು ಎಳೆಯಿತು, ರಬ್ಬರ್ ಬಿರಡೆ ಪಟಕ್ಕನೆ ಕಿತ್ತು ಬಂದು ಸರಪಳಿಯ ಮೇಲೆ ಮೆರವಣಿಗೆ ಹೊರಟಿತು. ಮೇಲಿನ ಹಲ್ಲುಚಕ್ರ ಅದನ್ನು ಚೆನ್ನಾಗಿ ಅಗಿದು, ಎರಡು ಹೋಳು ಮಾಡಿ, ಹೂಳು ಬೀಳಬೇಕಾದ ದೋಣಿಗೇ ಬೀಳಿಸಿತು. ಒಂದು ಚೂರೂ ಆಚೀಚೆ ಬೀಳಲಿಲ್ಲ. ಯಂತ್ರ ಅಷ್ಟು ಅಚ್ಚುಕಟ್ಟು.

ತೊಟ್ಟಿಯ ನೀರು ಗಳಗಳನೆ ಇಳಿಯತೊಡಗಿತು. ಪ್ರೊಕೋಪ ಮಂಡಿಯೂರಿ ಅಂಗೈಯನ್ನು ತೂತಿಗೆ ಒತ್ತಿದ. ನೀರು ನಿಂತಿತು, ಅವನೂ ನಿಂತ, ಅಂದರೆ ಸಿಕ್ಕಿಬಿದ್ದ. ಕೈ ತೆಗೆದರೆ, ಈಗ ಕೊಲ್ಲಲು ಮನಸ್ಸೇ ಬಾರದ ಮೀನು ಸಾಯುತ್ತದೆ, ತೆಗೆಯದಿದ್ದರೆ ನಲ್ಲಿ ಎಟುಕುವುದಿಲ್ಲ. ಬಾಯ್ಲರ್ ಕಾದಿದೆ, ಹಡಗನ್ನು ಎತ್ತುವಂತಿಲ್ಲ. ಗಾಬರಿಯಾದ ಗೆಂಡೆ ಬಾಲ ಬೀಸಿತು, ಬಾಲ ಹೋಗಿ ಸಿಳ್ಳೆಯ ಹಿಡಿಗೆ ಬಡಿಯಿತು, ಹಿಡಿ ಬಾಗಿ ಕೂತಿತು. ಕೂಊಊ ಎಂದು ಶುರುವಾದ ಲುದ್ಮಿಲಾಳ ಸಿಳ್ಳೆ ನಿಲ್ಲಲೇ ಇಲ್ಲ.

ಅದೇ ಹೊತ್ತಿಗೆ, ಸಂಜೆ ಬರಬೇಕಾಗಿದ್ದ ಮಾವ, ಮನೆಯಲ್ಲಿ ಉಪವಾಸ ಕೂರಲು ಬೇಸರವಾಗಿ ಬೆಳಿಗ್ಗೆಯೇ ಬಂದು ಮೆಟ್ಟಿಲು ಹತ್ತುತ್ತಿದ್ದರು. ಸಿಳ್ಳೆ ಕೇಳಿದ್ದೇ ತಡ, ಆ ವಯಸ್ಸಿನಲ್ಲಿ ಎರಡೆರಡು ಮೆಟ್ಟಿಲು ಹಾರಿ ಬಂದರು. ಬಚ್ಚಲ ಬಾಗಿಲಲ್ಲಿ ನಿಂತರೆ ಒಳಗೆ ಹಬೆ, ಹೊಗೆ, ಅದರ ನಡುವೆ ಮಂಡಿಯೂರಿ ಬಗ್ಗಿದ ಅಳಿಯ. ಅಭ್ಯಾಸಬಲದಿಂದ ಮಾವ ಕೈ ಚಾಚಿದರು.

"ಕ್ಷಮಿಸಿ ಮಾವ, ಕೈ ಕೊಡೋ ಹಾಗಿಲ್ಲ. ತೂತಲ್ಲಿದೆ."

ಮಾವ ಹಡಗು ನೋಡಿದರು, ಮೀನು ನೋಡಿದರು, ದೋಣಿಯಲ್ಲಿದ್ದ ಬಿರಡೆಯ ಹೋಳು ನೋಡಿದರು. ಮನೆಯಲ್ಲಿದ್ದ ಪಾತ್ರೆಗಳಲ್ಲೆಲ್ಲ ಸಲಾಡು, ಸೂಪು, ಬಿಸ್ಕತ್ತು. ಮರಳು ತಂದಿದ್ದ ಬಕೆಟ್ಟಿಗೆ ಮೀನಿನ ತಲೆ ಹೋದರೆ ಬಾಲ ಹೋಗದು. ಮಾವ ತಲೆಯ ಮೇಲೆ ಕೈ ಹಾಕಿ ಟೋಪಿಯನ್ನು ಸರಕ್ಕನೆ ಎಳೆದು, ಮಡಿಸಿ ಮುದ್ದೆ ಮಾಡಿ, ಅಳಿಯನ ಕೈ ಸರಿಸಿ ತೂತಿಗೆ ತುರುಕಿದರು. ನಲ್ಲಿ ತಿರುಗಿಸಿದರು. ಒಂದು ಹನಿ ಸೋರಲಿಲ್ಲ. ಆಮೇಲೆ ಬರಿತಲೆಯಲ್ಲೇ ತೊಟ್ಟಿಯ ಅಂಚಿಗೆ ಕೂತು, ಸ್ಪಿರಿಟ್ ಮುಗಿದು ಸಿಳ್ಳೆ ಸಣ್ಣಗಾಗಿ ಆರುವ ತನಕ ಸುಮ್ಮನೆ ಕೇಳಿದರು.

"ಲಾಬೆ ನದೀಲಿ ಒಂದು ಆಯಸ್ಸು ಹೂಳೆತ್ತಿದೀನಿ," ಎಂದರು ಕೊನೆಗೆ. "ಒಂದು ದಿನಾನೂ ನದಿ ಬಿರಡೇನೇ ಕಿತ್ತು ಬಂದಿರ್ಲಿಲ್ಲ ಕಣಯ್ಯ."

ಇದು ಹೊಗಳಿಕೆಯೋ ಬೈಗುಳವೋ ಪ್ರೊಕೋಪನಿಗೆ ತಿಳಿಯಲಿಲ್ಲ. ಆದರೆ ಟೋಪಿ ಇಳಿದದ್ದು ಕಣ್ಣಾರೆ ಕಂಡಿತ್ತಲ್ಲ! ಲಿಬುಶೆ ಬಂದು ಬಾಗಿಲಲ್ಲಿ ಸೊಂಟಕ್ಕೆ ಕೈಯಿಟ್ಟು ನಿಂತಾಗ, ಅವಳು ಬಾಯಿ ತೆರೆಯುವ ಮೊದಲೇ ಮಾವನ ಬರಿತಲೆಯತ್ತ ಬೆರಳು ತೋರಿಸಿದ. ಪಂದ್ಯ ಗೆದ್ದೆ ಎಂದ. ಏನು ಪಂದ್ಯವೆಂದು ಮಾವ ಕೇಳಲಿಲ್ಲ, ಇಬ್ಬರೂ ಹೇಳಲಿಲ್ಲ. ಲಿಬುಶೆ ಅಪ್ಪನತ್ತ ತಿರುಗಿ, ಟೋಪಿ ಯಾರಿಗೆ ತೆಗೆದೆ ಎಂದು ಕೇಳಿದಳು.

"ಮೀನಿಗೆ," ಎಂದರು ಮಾವ. ಕಿವಿ ಬೆಳ್ಳಗೇ ಇದ್ದವು.

ಮೀನನ್ನು ಕೊಯ್ಯುವ ಮಾತು ಅಲ್ಲಿಗೇ ನಿಂತಿತು. ಲುದ್ಮಿಲಾ ಸೋರಿಸಿದ್ದ ಯಂತ್ರದ ಎಣ್ಣೆ ನೀರಿನ ಮೇಲೆ ಬಣ್ಣಬಣ್ಣವಾಗಿ ತೇಲುತ್ತಿತ್ತು. ಇದನ್ನು ತಿಂದರೆ ನಾವೂ ಸಿಳ್ಳೆ ಹೊಡೆಯಬೇಕಾಗುತ್ತದೆ, ನಾಳೆ ನದಿಗೆ ಬಿಟ್ಟುಬಿಡೋಣ ಎಂದು ಮಾವ ಹೇಳಿದರು. ನೀರು ಬದಲಾಯಿಸಿದರು. ಲಿಬುಶೆ ಫ್ರಿಜ್ಜಿನಿಂದ ಹಂದಿಮಾಂಸ ತೆಗೆದು, ಕರಿಯಲು ತೆಳ್ಳಗಾಗುವಂತೆ ಬಡಿಯತೊಡಗಿದಳು. ಅವಳು ಯಾರನ್ನು ನೆನೆದು ಬಡಿಯುತ್ತಿದ್ದಳೆಂದು ಪ್ರೊಕೋಪನಿಗೆ ಗೊತ್ತಿತ್ತು. ಹೊಗೆ ಹೋಗಲೆಂದು ಮನೆಯ ಕಿಟಕಿಗಳನ್ನೆಲ್ಲ ತೆರೆದದ್ದರಿಂದ ಡಿಸೆಂಬರಿನ ಗಾಳಿ ಕೊಠಡಿ ಕೊಠಡಿ ತಿರುಗಿತು. ಮಾವ ಬರಿತಲೆಯಲ್ಲಿ ಅಡುಗೆಮನೆಯ ಮೂಲೆ ಹಿಡಿದು ಕೂತರು. ಮಗಳು ತನ್ನ ಗುಲಾಬಿ ಬಣ್ಣದ ಹೆಣಿಗೆ ಟೋಪಿ ಕೊಟ್ಟಳು. ಅವರು ಅದನ್ನು ನೋಡಿದ ರೀತಿಗೆ ಅವಳೇ ಅದನ್ನು ಮತ್ತೆ ಒಳಗಿಟ್ಟಳು.

ಪ್ರೊಕೋಪನಿಗೆ ಈಗ ಒಂದೇ ಚಿಂತೆ. ಪಂದ್ಯಕ್ಕೆ ಇನ್ನೂ ಅವಧಿಯಿದೆ, ಊಟ ಮುಗಿದು ಏಳುವ ತನಕ. ಆದರೆ ತಲೆಯ ಮೇಲೆ ಇಲ್ಲದ ಟೋಪಿಯನ್ನು ಮಾವ ತೆಗೆಯುವುದು ಹೇಗೆ? ಟೋಪಿ ತಲೆಗೆ ಮರಳಬೇಕು, ಮರಳಬೇಕಾದರೆ ತೂತಿಗೆ ಬೇರೆ ಬಿರಡೆ ಬೇಕು. ಅಂಗಡಿಗಳೆಲ್ಲ ಮಧ್ಯಾಹ್ನಕ್ಕೇ ಬಾಗಿಲು ಹಾಕಿದ್ದವು. ಮರದಲ್ಲಿ ಬಿರಡೆ ತಿರುವಿ ನೋಡಿದ, ಸೋರಿತು. ಹಿತ್ತಾಳೆಯಲ್ಲಿ ಮಾಡಿದ, ಇನ್ನೂ ಸೋರಿತು. ಹಳೆಯ ತೊಟ್ಟಿಯ ಸವೆದ ತೂತಿಗೆ ಮೆತ್ತಗಿರುವ, ಬಿಗಿಯಾಗಿ ಕೂರುವ, ನೀರು ಕುಡಿದು ಉಬ್ಬುವ ವಸ್ತುವೇ ಆಗಬೇಕು. ಅಡುಗೆಮನೆಗೆ ಹೋಗಿ ಫ್ರಿಜ್ ತೆರೆದ. ನಿನ್ನೆಯ ಹಿಟ್ಟಿನ ಕಡುಬು ತಣ್ಣಗೆ ಕೂತಿತ್ತು. ಬೆರಳಲ್ಲಿ ಒತ್ತಿದ, ಒತ್ತಿದ್ದು ಮೆಲ್ಲಗೆ ವಾಪಸು ಬಂತು. ಏನಾಗುತ್ತೋ ನೋಡೇಬಿಡೋಣ!

ಪ್ರಪಂಚದ ಇತಿಹಾಸದಲ್ಲಿ ಕಡುಬನ್ನು ಲೇತ್‌ಗೆ ಹಾಕಿ ತಿರುವಿದವನು ಬಹುಶಃ ಪ್ರೊಕೋಪನೊಬ್ಬನೇ. ಒಂದು ಕೂದಲಿನಷ್ಟೂ ಹೆಚ್ಚುಕಡಿಮೆ ಇಲ್ಲದ ಓರೆ, ನುಣುಪಾದ ಅಂಚು, ಎತ್ತಲು ಒಂದು ಹಿತ್ತಾಳೆ ಉಂಗುರ. ತೂತಿಗೆ ಒತ್ತಿದ, ಮುತ್ತಿನಂತೆ ಕೂತಿತು. ಟೋಪಿಯನ್ನು ಹಿಂಡಿ, ಬಿಸಿನೀರಿನ ಕೊಳವೆಯ ಮೇಲೆ ಒಣಗಿಸಿ, ಅರೆ ಒದ್ದೆಯಿರುವಾಗಲೇ ಮಾವನಿಗೆ ತಂದುಕೊಟ್ಟ. ಚಳಿಗೆ ಕಿವಿ ಆಗಲೇ ಕೆಂಪೇರಿ ಸೆಟೆದುಹೋಗಿದ್ದ ಮಾವ ಮೂಸಿ ನೋಡಿ, ಮುಖ ಕಿವುಚಿ, ಕೊನೆಗೆ ಹಾಕಿಕೊಂಡರು. ಹೊಸ ಬಿರಡೆ ಯಾವುದರದ್ದು ಎಂದು ಲಿಬುಶೆ ಕೇಳಿದಳು. ಇಲ್ಲೇ ಸಿಗುವ ವಸ್ತು ಎಂದು ಪ್ರೊಕೋಪ ಜಾರಿಕೊಂಡ.

ಸಂಜೆ ಮೊದಲ ನಕ್ಷತ್ರ ಮೂಡಿತು. ಮೇಜಿಗೆ ಬೆಸ ಸಂಖ್ಯೆಯಲ್ಲಿ ಕೂರಬಾರದು, ಅದಕ್ಕೆ ಕೆಳಮನೆಯ ಕ್ವಾಪಿಲೊವಾ ಅಜ್ಜಿಯನ್ನೂ ಕರೆದಿದ್ದರು. ಕೂತ ಮೇಲೆ ಊಟ ಮುಗಿಯುವ ತನಕ ಯಾರೂ ಏಳುವಂತಿಲ್ಲ. ನಡುವೆ ಎದ್ದವರು ಮುಂದಿನ ಕ್ರಿಸ್ಮಸ್‌ಗೆ ಇರುವುದಿಲ್ಲ. ಅದಕ್ಕೇ ಲಿಬುಶೆ ಸೂಪಿನ ಪಾತ್ರೆ, ಸಲಾಡ್, ಕರಿದ ಮಾಂಸ, ನೀರಿನ ಜಗ್ಗು ಎಲ್ಲವನ್ನೂ ತನ್ನ ಕುರ್ಚಿಯ ಸುತ್ತ ನೆಲದ ಮೇಲೆ ಜೋಡಿಸಿಕೊಂಡಿದ್ದಳು. ಈ ವಿಷಯದಲ್ಲಿ ಅಜ್ಜಿ ಕಟ್ಟುನಿಟ್ಟು. ಅವರ ಗಂಡ ಒಂದು ವರ್ಷ ಸಾಸಿವೆ ತರಲೆಂದು ನಡುವೆ ಎದ್ದವನು ಮುಂದಿನ ಕ್ರಿಸ್ಮಸ್‌ಗೆ ಇರಲಿಲ್ಲ. ಸತ್ತಿರಲಿಲ್ಲ, ಬೇರೆಯವಳ ಜೊತೆ ಓಡಿಹೋಗಿದ್ದ. ಅಜ್ಜಿಗೆ ಎರಡೂ ಒಂದೇ.

ಅಣಬೆ ಸೂಪು ಮುಗಿಯಿತು. ಮಾಂಸ ಮುಗಿಯುತ್ತ ಬಂತು. ಪ್ರೊಕೋಪ ಕಾಲಬುಡದಲ್ಲಿ ಬಟ್ಟೆ ಮುಚ್ಚಿಟ್ಟಿದ್ದ ಲುದ್ಮಿಲಾಳನ್ನು ಎತ್ತಿ ಮೇಜಿನ ನಡುವೆ, ಮೇಣದಬತ್ತಿಗಳ ಮಧ್ಯೆ ಇಟ್ಟ. ದೀಪ ಹಚ್ಚಿದ. ಬಾಯ್ಲರ್ ಗುನುಗಿತು, ಪುಟ್ಟ ಚಕ್ರ ತಿರುಗಿತು, ಬಕೆಟ್ಟುಗಳು ಖಾಲಿ ಗಾಳಿಯನ್ನೇ ಬಾಚುತ್ತ ಸುತ್ತಿದವು. ಪ್ರೊಕೋಪ ಸಿಳ್ಳೆಯ ಹಿಡಿ ಒತ್ತಿದ. ಸಣ್ಣದಾಗಿ, ಸ್ವಲ್ಪ ಒಡಕಾಗಿ, ನದಿಯ ಮಂಜಿನಾಚೆಯಿಂದ ಕೂಗಿದ ಹಾಗೆ ಲುದ್ಮಿಲಾ ಕೂಗಿದಳು.

ಮಾವ ಫೋರ್ಕ್ ಕೆಳಗಿಟ್ಟರು. ಬಲಗೈ ಮೇಜಿನಿಂದ ಎದ್ದಿತು, ನಿಧಾನವಾಗಿ ಎದೆ ದಾಟಿತು, ಗಲ್ಲ ದಾಟಿತು, ಬೆರಳು ಟೋಪಿಯ ಅಂಚು ಮುಟ್ಟಿತು. ಲಿಬುಶೆಯ ಕೈಯಲ್ಲಿದ್ದ ಚಮಚ ನಿಂತಿತು.

ಆಗ ಬಚ್ಚಲಿನಿಂದ ಗಳ್ ಎಂದಿತು. ಮತ್ತೆ ಗಳ್ ಗಳ್ ಗಳ್.

ಮಾವನ ಕೈ ಅಲ್ಲೇ ನಿಂತಿತು. ನಾಲ್ವರೂ ಬಚ್ಚಲ ಬಾಗಿಲ ಕಡೆ ನೋಡಿದರು. ಯಾರೂ ಏಳಲಿಲ್ಲ, ಏಳುವ ಹಾಗಿರಲಿಲ್ಲ. ಎದ್ದೀರಿ ಜೋಕೆ ಎನ್ನುವಂತೆ ಅಜ್ಜಿ ಎರಡೂ ಕೈ ಚಾಚಿ ಅಕ್ಕಪಕ್ಕದವರ ತೋಳು ಹಿಡಿದರು. ಎದ್ದರೆ ಎಲ್ಲರೂ ಒಟ್ಟಿಗೇ ಏಳಬೇಕು, ಆದರೆ ಒಟ್ಟಿಗೆ ಎದ್ದರೆ ಊಟ ಮುಗಿದ ಹಾಗೆ. ಊಟ ಮುಗಿದರೆ ಪಂದ್ಯವೂ ಮುಗಿದ ಹಾಗೆ. ಪ್ರೊಕೋಪನಿಗೆ ಇದು ಎಲ್ಲರಿಗಿಂತ ಚೆನ್ನಾಗಿ ಗೊತ್ತಿತ್ತು. ಇನ್ನೊಂದು ಕ್ಷಣ ಕೂತರೆ, ಆ ಬೆರಳು ಇನ್ನೊಂದಿಷ್ಟು ಮೇಲೆದ್ದರೆ, ನೆಲಮಾಳಿಗೆ ಉಳಿಯುತ್ತದೆ, ಲೇತ್ ಉಳಿಯುತ್ತದೆ. ಒಳಗೆ ಬಾಲ ಪಟಪಟ ಬಡಿಯುವ ಸದ್ದು ಕೇಳಿತು. ಬೆಳಿಗ್ಗೆ ತನ್ನ ಹಡಗನ್ನು ಜಗತ್ತಿನಲ್ಲಿ ಮೊದಲು ನೋಡಿದ್ದು ಆ ಮೀನು, ಮೀಸೆಯಾಡಿಸಿಕೊಂಡು.

"ಏಳೋಣ," ಎಂದ ಪ್ರೊಕೋಪ. "ಎಲ್ರೂ ಏಳೋಣ."

ಹೇಳಿದಷ್ಟು ಸುಲಭವಾಗಿರಲಿಲ್ಲ. ಅಜ್ಜಿಗೆ ಮಂಡಿನೋವು. ಅವರಿಗಿಂತ ಮುಂಚೆ ಎದ್ದವನು ಸತ್ತ, ಆದ್ದರಿಂದ ಅಜ್ಜಿ ಒಂದಿಂಚು ಎದ್ದರೆ ಉಳಿದವರೂ ಒಂದೇ ಇಂಚು. ಅಜ್ಜಿ ಅಯ್ಯೋ ಎಂದು ನಿಂತರೆ ಇವರೂ ಅರ್ಧ ಕೂತು ಅರ್ಧ ನಿಂತು ತೊಡೆ ನಡುಗಿಸುತ್ತ ನಿಲ್ಲುವುದು. ಗಳಗಳ ಸದ್ದು ಕಡೆಯ ಗೊರಕೆಗೆ ತಿರುಗುವ ಹೊತ್ತಿಗೆ ನಾಲ್ವರೂ ಒಟ್ಟಾಗಿ ನೆಟ್ಟಗಾಗಿ, ಒಟ್ಟಾಗಿ ಬಚ್ಚಲಿಗೆ ನುಗ್ಗಿ, ಬಾಗಿಲಲ್ಲಿ ಒಟ್ಟಾಗಿ ಸಿಕ್ಕಿಕೊಂಡರು.

ತೊಟ್ಟಿಯಲ್ಲಿ ಗೆಂಡೆ ಮಗ್ಗುಲಾಗಿ ಬಿದ್ದು ಬಾಯಿ ಬಿಡುತ್ತಿತ್ತು. ಮಾವ ಟೋಪಿ ಕಿತ್ತು ತೂತಿಗೆ ತುರುಕಿದರು, ಪ್ರೊಕೋಪ ನಲ್ಲಿ ಬಿಟ್ಟ. ನೀರು ಏರಿತು. ಗೆಂಡೆ ಒಮ್ಮೆ ಒದರಿ ನೆಟ್ಟಗಾಗಿ, ಏನೂ ಆಗಿಲ್ಲವೆಂಬಂತೆ ಈಜತೊಡಗಿತು. ತಳದಲ್ಲಿ ಹಿತ್ತಾಳೆಯ ಉಂಗುರ ಮಾತ್ರ ಬಿದ್ದಿತ್ತು. ಮೀನಿನ ಮೀಸೆಗೆ ಬಿಳಿಯ ಹಿಟ್ಟು ಅಂಟಿತ್ತು.

ಮಾವ ಬಗ್ಗಿ ಆ ಹಿಟ್ಟು ನೋಡಿದರು. ಬಿರಡೆ ಯಾವುದರಲ್ಲಿ ಮಾಡಿದ್ದೆ ಎಂದು ಮೆಲ್ಲಗೆ ಕೇಳಿದರು. ಕಡುಬಿನಲ್ಲಿ ಎಂದ ಪ್ರೊಕೋಪ, ಇನ್ನೂ ಮೆಲ್ಲಗೆ.

"ಈ ಮೀನನ್ನ ನಾನು ಹಿಡಿದದ್ದೇ ಕಡುಬು ಹಾಕಿ. ಅಷ್ಟೊತ್ತು ಕೂತು ಹೇಳಿದ್ನಲ್ಲಯ್ಯ, ಹೂಂಗುಟ್ಟಿದ್ದು ಯಾರು?"

"ನನ್ನ ಕಡುಬನ್ನ ಲೇತ್‌ಗೆ ಹಾಕಿದ್ಯಾ?" ಎಂದಳು ಲಿಬುಶೆ.

ಪ್ರೊಕೋಪ ತಳದ ಹಿತ್ತಾಳೆ ಉಂಗುರವನ್ನು ಎತ್ತಿ ಜೇಬಿಗಿಳಿಸಿದ. ಲಿಬುಶೆಗೆ ಕೋಪ ಬಂದಿತ್ತು, ಆದರೆ ಅವಳು ಮೋಸದ ಹೆಂಗಸಲ್ಲ. ಪಂದ್ಯ ಅಂದರೆ ಪಂದ್ಯ. ಗೆಲ್ಲುವುದಾದರೂ ನ್ಯಾಯವಾಗಿ ಗೆಲ್ಲಬೇಕು. ಈಗ ಅಪ್ಪನಿಗೆ ಪಂದ್ಯದ ವಿಷಯವನ್ನೆಲ್ಲ ಹೇಳಿದಳು, ನೆಲಮಾಳಿಗೆ, ಲೇತ್, ಜಾಡಿಗಳು, ಎಲ್ಲ. ಹೇಳಿ ಮುಗಿಸಿ ಕೇಳಿದಳು.

"ಅಪ್ಪ, ನಿಜ ಹೇಳು. ಸಿಳ್ಳೆ ಕೇಳಿದಾಗ ಕೈ ಟೋಪಿಗೆ ಹೋಯ್ತಲ್ಲ, ಯಾಕೆ?"

ಮಾವ ಅಳಿಯನನ್ನು ನೋಡಿದರು. ಅಳಿಯನ ಮುಖದಲ್ಲಿ ನೆಲಮಾಳಿಗೆಯ ಅಷ್ಟೂ ವರ್ಷಗಳು ಕಾಣುತ್ತಿದ್ದವು. ಆಮೇಲೆ ಮಗಳನ್ನು ನೋಡಿದರು. ಆಮೇಲೆ ತೂತಿನಲ್ಲಿದ್ದ ತಮ್ಮ ಟೋಪಿಯನ್ನು ತುಂಬ ಹೊತ್ತು ನೋಡಿದರು.

"ತಲೆ ಕೆರೀತಿತ್ತಮ್ಮ," ಎಂದರು. "ಒದ್ದೆ ಉಣ್ಣೆ."

ಪ್ರೊಕೋಪ ತಟ್ಟನೆ ಮಾವನ ಕಿವಿಗಳ ಕಡೆ ತಿರುಗಿದ. ಲಿಬುಶೆ ಅವನಿಗಿಂತ ಮೊದಲೇ ತಿರುಗಿದ್ದಳು. ಎರಡೂ ಕಿವಿ ಬೀಟ್‌ರೂಟಿನಂತೆ ಕೆಂಪಗಿದ್ದವು. ಆದರೆ ಮಧ್ಯಾಹ್ನದಿಂದಲೂ ಅವು ಚಳಿಗೆ ಕೆಂಪಗೇ ಇದ್ದವು. ಗಂಡ ಹೆಂಡತಿ ಇಬ್ಬರೂ ಬಗ್ಗಿ, ಬೆಳಕಿಗೆ ತಿರುಗಿಸಿ, ಆ ಕಿವಿಗಳನ್ನು ಬಹಳ ಹೊತ್ತು ಪರೀಕ್ಷಿಸಿದರು.

"ನಾಳೆ ಮೊದಲು ಸೌತೆಕಾಯಿ ಜಾಡಿ ನೆಲಮಾಳಿಗೆಗೆ ಇಳಿಸೋಣ," ಎಂದಳು ಲಿಬುಶೆ ಗಂಡನಿಗೆ, ನೆಟ್ಟಗಾಗುತ್ತ. "ನಾನೇನು ಮಾಡ್ಲಿ ಹೇಳು. ಕಿವಿ ನೋಡಿ ತೀರ್ಮಾನ ಮಾಡೋಣ ಅಂದ್ರೆ, ಇಡೀ ದಿನ ಬರಿತಲೇಲಿ ಕೂರಿಸಿ ಅದನ್ನೂ ನೀನೇ ಕೆಂಪು ಮಾಡಿಟ್ಟಿದ್ದೀಯ."